ಎಲ್ಲಕ್ಕೂ ಯಾವೋಲ್

ಮಧ್ಯಾಹ್ನ ಎರಡು ಗಂಟೆ ಹತ್ತು ನಿಮಿಷ. ಇದು ಊಹೆಯಲ್ಲ. ಎರಡೂ ಕಾಲಿಗೆ ಆಫೀಸಿನ ಮೀಟಿಂಗ್ ಇತ್ತು, ಐದು ನಿಮಿಷ ಮೊದಲು ಕೂಗಲಿ ಎಂದು ಫೋನಿನಲ್ಲಿ ಅಲಾರಂ ಇಟ್ಟಿದ್ದೆ. ಅದು ಕೂಗಿತು, ನಾನು ನೋಡಿ ಆರಿಸಿದೆ, ತಲೆ ಎತ್ತುವಷ್ಟರಲ್ಲಿ ಪಕ್ಕದ ಮನೆಯ ಅಜ್ಜಿಯ ಬಾಯಿಂದ ಇಂಗ್ಲಿಷ್ ಹೋಗಿಬಿಟ್ಟಿತ್ತು.

ಟೆಕ್ಸಾಸ್‌ನ ಸೀಡರ್ ಪಾರ್ಕ್ ಎಂಬ ಊರಿನಲ್ಲಿ ನಮ್ಮೆರಡು ಮನೆಗಳ ನಡುವೆ ಆಳೆತ್ತರದ ಮರದ ಬೇಲಿ ಇದೆ. ಅದರ ಒಂದು ಹಲಗೆ ಬಿರುಗಾಳಿಗೆ ಬಿದ್ದುಹೋಗಿತ್ತು. ಬಡಾವಣೆಯ ಸಂಘದವರು ಎಚ್ಚರಿಸಿದರೂ ಇಬ್ಬರೂ ಅದನ್ನು ಸರಿಮಾಡಿಸಿರಲಿಲ್ಲ. ಆ ಸಂದಿಯಲ್ಲೇ ನಮ್ಮ ಮಾತು, ಕೊಡುವುದು, ತೆಗೆದುಕೊಳ್ಳುವುದು. ಅಂದು ಅಜ್ಜಿ ತಾವು ಬೆಳೆದ ಬೆಂಡೆಕಾಯಿಯನ್ನು ಸ್ಟೀಲ್ ಬೋಗುಣಿಯಲ್ಲಿ ತಂದಿದ್ದರು. "ಈ ಬಿಸಿಲಿಗೆ ಬೆಂಡೆ ಒಂದೇ ಬದುಕೋದು. ನೀನು ಅದೇನೋ ಹುಳಿ ಹಾಕಿ ಮಾಡ್ತೀಯಲ್ಲ, ಅದು..." ಎಂದು ಇಂಗ್ಲಿಷಿನಲ್ಲಿ ಶುರುವಾದ ಮಾತು ನಡುವೆಯೇ ದಾರಿ ಬದಲಿಸಿತು. ದನಿ ಅದೇ, ನಗು ಅದೇ, ಆದರೆ ಮಾತು ನನಗೆ ಗೊತ್ತಿಲ್ಲದ್ದು. ತಮಾಷೆ ಮಾಡುತ್ತಿದ್ದಾರೆ ಎಂದುಕೊಂಡು ನಾನೂ ನಕ್ಕೆ. ಆಮೇಲೆ ಬೋಗುಣಿ ಬಿತ್ತು. ಬಾಯಿಯ ಬಲತುದಿ, ಯಾರೋ ದಾರ ಕಟ್ಟಿ ಎಳೆದ ಹಾಗೆ, ಕೆಳಗೆ ಜಾರಿತ್ತು.

ಆ ನಗುವನ್ನು ಈಗಲೂ ನೆನೆಯುತ್ತೇನೆ. ನೆನೆಯುವುದೇನು, ಅದೇ ಬಂದು ಎದುರು ನಿಲ್ಲುತ್ತದೆ. ಫೋನ್, ನಗು, ಬೋಗುಣಿ. ಮತ್ತೆ ಫೋನ್, ನಗು, ಬೋಗುಣಿ.

ಆಂಬುಲೆನ್ಸ್ ಬೇಗ ಬಂತು. ಅದರ ಬಗ್ಗೆ ದೂರಿಲ್ಲ. ಬಂದ ಹುಡುಗರು ಅಜ್ಜಿಯ ಕೈ ಎತ್ತಿಸಿ, ಕಣ್ಣಿಗೆ ಬೆಳಕು ಬಿಟ್ಟು, "ಯಾವಾಗ ಶುರುವಾಯ್ತು?" ಎಂದರು. ಹೇಳಿದೆ. "ನೀವು ಮನೆಯವರಾ?" ಅಲ್ಲ, ಪಕ್ಕದವಳು ಎಂದೆ. ಒಬ್ಬಾತ ಕೈಗವಸಿನ ಮೇಲೆಯೇ ಪೆನ್ನಿನಲ್ಲಿ ಎರಡು ಹತ್ತು ಎಂದು ಗೀಚಿಕೊಂಡ. ರಜೆಯಲ್ಲಿ ಮನೆಯಲ್ಲೇ ಇದ್ದ ಹನ್ನೊಂದು ವರ್ಷದ ಮಗಳನ್ನು ಕಾರಿಗೆ ಹತ್ತಿಸಿಕೊಂಡು ನಾನು ಆಂಬುಲೆನ್ಸಿನ ಹಿಂದೆ ಡ್ರೈವ್ ಮಾಡಿದೆ. ಆಸ್ಪತ್ರೆ ಸೇರುವ ಹೊತ್ತಿಗೆ ಆ ಗವಸು ಕಸದ ಬುಟ್ಟಿ ಸೇರಿತ್ತೇನೋ. ಅಲ್ಲಿ ಮತ್ತೆ ಮೊದಲಿನಿಂದ ಶುರು.

ಅಜ್ಜಿಯ ಜೊತೆಗಿರುವುದು ಒಬ್ಬನೇ ಮಗ, ಅರುವತ್ತರ ಹತ್ತಿರದವರು. ಅಂದು ಕೆಲಸದ ಮೇಲೆ ಡಾಲಸ್‌ಗೆ ಹೋಗಿದ್ದರು. ಫೋನ್ ಮಾಡಿದಾಗ ಹೊರಟುಬಿಟ್ಟರು, ಆದರೆ ಡಾಲಸ್‌ನಿಂದ ಆಸ್ಟಿನ್‌ಗೆ ಬರುವ ಆ ಹೆದ್ದಾರಿ ಯಾರ ಅವಸರವನ್ನೂ ಕೇಳುವುದಿಲ್ಲ. ಎಲ್ಲೋ ಟ್ರಕ್ ಮಗುಚಿ, ಸಾಲುಗಟ್ಟಿ ನಿಂತ ಕಾರುಗಳ ನಡುವಿನಿಂದ ಅವರು ಮಾತಾಡುತ್ತಿದ್ದರು.

ನರ್ಸ್ ಸ್ಪೀಕರ್ ಹಾಕಿ ಕೇಳಿದಳು: "ನಿಮ್ಮ ತಾಯಿ ಇಂಗ್ಲಿಷ್ ಬಿಟ್ಟು ಬೇರೆ ಏನೋ ಮಾತಾಡ್ತಿದಾರೆ. ಯಾವ ಭಾಷೆ?"

"ಅದು... ಚಿಕ್ಕವರಿದ್ದಾಗ ಹಳ್ಳೀಲಿ ಆಡ್ತಿದ್ದದ್ದು. ನಂಗೆ ಬರಲ್ಲ."

"ಯಾವ ದೇಶದವರು?"

"ಇಲ್ಲೇ ಹುಟ್ಟಿದ್ದು ಮೇಡಂ, ಟೆಕ್ಸಾಸ್‌ನಲ್ಲೇ. ಅಮ್ಮನ ತಾತ ಹಡಗಲ್ಲಿ ಬಂದ್ರು. ಕಾಗದದಲ್ಲಿ ಆಸ್ಟ್ರಿಯಾ ಅಂತಿದೆ."

"ಹಾಗಾದ್ರೆ ಜರ್ಮನ್," ಎಂದಳು ನರ್ಸ್, ಸಮಾಧಾನದಿಂದ.

ಗಾಲಿಯ ಕಂಬಕ್ಕೆ ಸಿಕ್ಕಿಸಿದ ಟ್ಯಾಬ್ಲೆಟ್ ಬಂತು. ಪರದೆಯಲ್ಲಿ ಕನ್ನಡಕದ ಒಬ್ಬ ದುಭಾಷಿ, ತುಂಬ ಒಳ್ಳೆಯ ಮುಖ. ಜರ್ಮನ್‌ನಲ್ಲಿ ನಮಸ್ಕಾರ ಹೇಳಿದ. ಅಜ್ಜಿ ತಟ್ಟನೆ ಅವನತ್ತ ತಿರುಗಿದರು. ಎಡಗೈಯಿಂದ ಹೊದಿಕೆ ಸರಿಮಾಡಿಕೊಂಡು, ಬೆನ್ನು ನೆಟ್ಟಗೆ ಮಾಡಲು ನೋಡಿದರು. ಆತ ಏನೋ ಕೇಳಿದ.

"ಯಾವೋಲ್," ಎಂದರು ಅಜ್ಜಿ, ತೊದಲುತ್ತ.

ನರ್ಸ್ ಮುಖ ಅರಳಿತು. "ಅರ್ಥ ಆಗ್ತಿದೆ! ಹೌದು ಅಂತಿದಾರೆ."

ಆದರೆ ಆ ಪದ ನನಗೆ ಗೊತ್ತಿತ್ತು, ಎಲ್ಲಿಂದ ಬಂತೆಂದೂ ಗೊತ್ತಿತ್ತು. ಬೇಲಿಯ ಸಂದಿಯಲ್ಲೇ ಕೇಳಿದ್ದು.

ಅದಕ್ಕೆ ಮೊದಲು ನಮ್ಮಮ್ಮನ ಕಥೆ ಹೇಳಬೇಕು. ಹಿಂದಿನ ವರ್ಷ ಅಮ್ಮ ಮೈಸೂರಿನಿಂದ ಬಂದು, ಹ್ಯೂಸ್ಟನ್ ಬಳಿ ಸೈಪ್ರೆಸ್‌ನಲ್ಲಿರುವ ಅಕ್ಕನ ಮನೆಯಲ್ಲಿದ್ದರು. ಹೊಟ್ಟೆನೋವೆಂದು ಆಸ್ಪತ್ರೆಗೆ ಸೇರಿಸಿದರು. ಅಕ್ಕ ಕಾರು ನಿಲ್ಲಿಸಿ ಬರುವಷ್ಟರಲ್ಲಿ, ಇಂಡಿಯಾದವರು ಎಂದು ಕೇಳಿಕೊಂಡು ಅವರೇ ಹಿಂದಿ ಮಾತಾಡುವ ದುಭಾಷಿಯನ್ನು ಪರದೆಗೆ ಕರೆಸಿಬಿಟ್ಟಿದ್ದರು. ಅಮ್ಮನ ಹಿಂದಿ ಟಿವಿ ಧಾರಾವಾಹಿಗಳದ್ದು. ಆತ ಕೇಳಿದ್ದಕ್ಕೆಲ್ಲ ಅಮ್ಮ "ಹಾಂ ಜೀ" ಎಂದಿದ್ದಾರೆ. ಮಾಂಸ ತಿನ್ನುತ್ತೀರಾ ಎಂದರೂ ಹಾಂ ಜೀ. ಸಂಜೆಗೆ ಕೋಳಿ ಸಾರು ಬಂತು.

"ಅಲ್ಲಮ್ಮ, ಅರ್ಥವಾಗದಿದ್ರೆ ಇಲ್ಲ ಅನ್ಬಾರದಾ?" ಎಂದು ಅಕ್ಕ ರೇಗಿದರೆ ಅಮ್ಮ ಬಿಡುತ್ತಾರೆಯೇ?

"ಅಷ್ಟು ಮರ್ಯಾದೆಯಾಗಿ ಮಾತಾಜೀ ಮಾತಾಜೀ ಅಂತ ಕೇಳ್ತಿದ್ದ ಕಣೇ. ಮುಖದ ಮೇಲೆ ಹೊಡೆದಂಗೆ ಇಲ್ಲ ಅನ್ನಕ್ಕಾಗತ್ತಾ? ನೀನಾದ್ರೆ ಅಂತಿದ್ದೆ."

ಇದನ್ನು ನಾನು ಪಕ್ಕದ ಮನೆ ಅಜ್ಜಿಗೆ ಹೇಳಿದಾಗ ಅವರು ಕಣ್ಣಲ್ಲಿ ನೀರು ಬರುವಷ್ಟು ನಕ್ಕು, ತಮ್ಮ ತಾತನ ಕಥೆ ಹೇಳಿದ್ದರು. ತಾತ ಮೊರಾವಿಯಾದ ರೈತ. ಆಸ್ಟ್ರಿಯಾದ ಚಕ್ರವರ್ತಿಯ ಸೈನ್ಯದಲ್ಲಿ ದುಡಿದವರು. ಆ ಸೈನ್ಯದಲ್ಲಿ ಹತ್ತು ಭಾಷೆಯ ಸಿಪಾಯಿಗಳಿದ್ದರೂ ಆಜ್ಞೆಗಳೆಲ್ಲ ಜರ್ಮನ್‌ನಲ್ಲಿ. ಸಿಪಾಯಿಗೆ ಜರ್ಮನ್ ಬರಬೇಕೆಂದೇನಿಲ್ಲ, ನಿಲ್ಲು, ತಿರುಗು, ಗುಂಡು ಹಾರಿಸು ಗೊತ್ತಿದ್ದರೆ ಸಾಕು. ಮೇಲಿನವರು ಏನೇ ಹೇಳಲಿ, ಉತ್ತರ ಒಂದೇ: ಯಾವೋಲ್, ಅಂದರೆ ಅಪ್ಪಣೆ. ತಾತ ಟೆಕ್ಸಾಸ್‌ಗೆ ಬಂದು ಹತ್ತಿ ಬೆಳೆಯುವಾಗ ಆ ಆಜ್ಞೆಗಳನ್ನು ಹೇಸರಗತ್ತೆಗಳ ಮೇಲೂ ಮೊಮ್ಮಕ್ಕಳ ಮೇಲೂ ಹಾಕುತ್ತಿದ್ದರಂತೆ. ಭಾನುವಾರ ಮಕ್ಕಳನ್ನು ಸಾಲಾಗಿ ನಿಲ್ಲಿಸಿ ಅವರು ಗದರಬೇಕು, ಮಕ್ಕಳು "ಯಾವೋಲ್" ಎಂದು ಕಿರುಚಬೇಕು. ಜೋರಾಗಿ ಕಿರುಚಿದವರಿಗೆ ಹಣ್ಣಿನ ಹೂರಣದ ಕೊಲಾಚಿ ಬನ್ನು. "ನಂಗೆ ಬರೋ ಜರ್ಮನ್ ಅಷ್ಟೇ," ಎಂದಿದ್ದರು ಅಜ್ಜಿ. "ನಿಮ್ಮಮ್ಮಂಗೆ ಕೋಳಿ ಸಾರು ಸಿಕ್ತು, ನಂಗೆ ಕೊಲಾಚಿ."

ಈಗ ಆಸ್ಪತ್ರೆಯ ಮಂಚದ ಮೇಲೆ ಎಂಬತ್ತೇಳು ವರ್ಷದ ಅದೇ ಮೊಮ್ಮಗಳು, ಅರ್ಧ ಬಾಯಿಯಲ್ಲಿ, ಮತ್ತೆ ಸಾಲಿನಲ್ಲಿ ನಿಂತಿದ್ದಳು.

ದುಭಾಷಿ ಮತ್ತೆ ಕೇಳಿದ. ಯಾವೋಲ್. ಮತ್ತೊಂದು ಕೇಳಿದ. ಯಾವೋಲ್. ನರ್ಸ್ ಟೈಪ್ ಮಾಡುತ್ತಲೇ ಇದ್ದಳು.

"ಏನು ಕೇಳಿದ್ರಿ?" ಎಂದೆ.

"ಕೈ ಬಲ ಇಲ್ವಾ, ತಲೆ ನೋವಾ, ಬೆಳಿಗ್ಗೆಯಿಂದಲೇ ಹೀಗಿದೆಯಾ ಅಂತ. ಬೆಳಿಗ್ಗೆಯಿಂದ ಅಂತೆ."

ಆ ಬೆಳಿಗ್ಗೆ ಎಂಬ ಪದದ ತೂಕ ನನಗೆ ಆಗ ಗೊತ್ತಿರಲಿಲ್ಲ. ವೈದ್ಯೆ ಬಂದು ಹೇಳಿದರು. ಮಿದುಳಿನ ರಕ್ತನಾಳದಲ್ಲಿ ಗಡ್ಡೆ ಕಟ್ಟಿದೆ. ಅದನ್ನು ಕರಗಿಸುವ ಔಷಧಿ ಇದೆ, ಆದರೆ ಶುರುವಾದ ಕೆಲವೇ ಗಂಟೆಗಳೊಳಗೆ ಕೊಡಬೇಕು. ಹೊತ್ತು ಮೀರಿದ ಮೇಲೆ ಕೊಟ್ಟರೆ ತಲೆಯಲ್ಲಿ ರಕ್ತಸ್ರಾವವಾಗಿ ಅದೇ ಜೀವ ತೆಗೆಯಬಹುದು. ಬೆಳಿಗ್ಗೆಯಿಂದ ಹೀಗಿದ್ದರೆ ಕೊಡುವಂತಿಲ್ಲ.

"ಬೆಳಿಗ್ಗೆ ಅಲ್ಲ. ಎರಡು ಹತ್ತು. ನನ್ನೆದುರೇ ಆಗಿದ್ದು."

"ನೀವು ಬೆಳಿಗ್ಗೆ ಅವರ ಜೊತೆ ಇದ್ರಾ?"

"ಇಲ್ಲ, ಆದ್ರೆ ಎರಡು ಗಂಟೆಗೆ ಚೆನ್ನಾಗಿ ಇಂಗ್ಲಿಷ್ ಮಾತಾಡ್ತಿದ್ರು."

"ಚೂರುಪಾರು ಲಕ್ಷಣ ಮೊದಲೇ ಇದ್ದು, ನಿಮಗೆ ಗೊತ್ತಾಗದೆ ಇರಬಹುದು. ಪೇಷೆಂಟ್ ಸ್ವತಃ ಹೇಳ್ತಿದಾರಲ್ಲ."

"ಅವರು ಹೇಳ್ತಿಲ್ಲ! ಅವರಿಗೆ ಜರ್ಮನ್ ಬರಲ್ಲ. ಏನು ಕೇಳಿದ್ರೂ ಹಾಗೇ ಅಂತಾರೆ. ಈಗ ನೀವು ಗಂಡಸಾ ಅಂತ ಕೇಳಿ ನೋಡಿ."

ವೈದ್ಯೆ ನನ್ನನ್ನು ನೋಡಿದ ನೋಟ ನನಗೆ ಪರಿಚಯದ್ದು. ದನಿ ಏರಿಸಿದ ಕಂದುಬಣ್ಣದ ಹೆಂಗಸನ್ನು ನೋಡುವ, ತುಂಬ ಸೌಜನ್ಯದ ನೋಟ. "ಮೇಡಂ, ನೀವು ಸ್ವಲ್ಪ ಹೊರಗೆ ಕೂತ್ಕೊಳ್ಳಿ. ಮನೆಯವರ ಹತ್ರ ಮಾತಾಡ್ತೀವಿ."

ಮಗಳು ನನ್ನ ಕುರ್ತಾದ ತುದಿ ಹಿಡಿದು, "ಅಮ್ಮ, ಡೋಂಟ್ ಯೆಲ್," ಎಂದಳು. ನಾನು ಹೊರಗೆ ಹೋಗಲಿಲ್ಲ. ಮಂಚದ ಸುತ್ತ ಎಳೆದಿದ್ದ ಬಟ್ಟೆಯ ಪರದೆಯ ಅಂಚಿನಲ್ಲೇ ನಿಂತೆ.

ಫೋನಿನಲ್ಲಿ ಅಜ್ಜಿಯ ಮಗ ಪಾಪ ಸಹಾಯ ಮಾಡಲು ಹೋಗಿ ಇನ್ನಷ್ಟು ಕೆಡಿಸಿದರು. "ಜರ್ಮನ್ ಅಲ್ವಂತಾ? ತಾಳಿ, ಅಮ್ಮನ ಅಜ್ಜಿ ಹಂಗೇರಿ ಕಡೆಯವರು. ಅವರ ಕಾಗದದಲ್ಲಿ ಹಂಗೇರಿ ಅಂತಿದೆ." ಸರಿ, ಟ್ಯಾಬ್ಲೆಟ್ಟಿನಲ್ಲಿ ಹಂಗೇರಿಯನ್ ಮಾತಾಡುವ ಹೆಂಗಸು ಪ್ರತ್ಯಕ್ಷವಾದಳು.

ಅಜ್ಜಿ ಬಾಯಿ ಮುಚ್ಚಿಕೊಂಡರು. ಪೂರ್ತಿ. ಕಣ್ಣು ಮಾತ್ರ ಆ ಪರದೆಯ ಮೇಲೆ, ಹೆದರಿದ ಮಗುವಿನ ಹಾಗೆ.

ಇದನ್ನೂ ನಾನು ಕೇಳಿದ್ದೆ. ತಾತನ ಹೆಂಡತಿ ಬೆಟ್ಟದ ಆಚೆ ಬದಿಯವರು, ಸ್ಲೊವಾಕ್ ಮನೆ. ಅದೇ ಸಾಮ್ರಾಜ್ಯ, ಆದರೆ ಹಂಗೇರಿಯ ಪಾಲು. ಅಲ್ಲಿಯ ಶಾಲೆಯಲ್ಲಿ ಹಂಗೇರಿಯನ್ ಬಿಟ್ಟು ಬೇರೆ ಮಾತು ಬಾಯಿಂದ ಬಂದರೆ ಏಟು. ಹಾಗಾಗಿ ಅವರು ಬಾಯಿ ತೆರೆಯುವುದನ್ನೇ ಬಿಟ್ಟಿದ್ದರಂತೆ. ಟೆಕ್ಸಾಸ್‌ನ ಆ ಮನೆಯಲ್ಲಿ ಉಳಿದಿದ್ದ ಹಂಗೇರಿಯನ್ ಪದ ಒಂದೇ, ಮಕ್ಕಳ ಗಲಾಟೆ ಹೆಚ್ಚಾದಾಗ ಅವರು ಗದರುತ್ತಿದ್ದದ್ದು: ಸುಮ್ಮನಿರಿ! ಕಾಗದದ ಮೇಲೆ ಗಂಡ ಆಸ್ಟ್ರಿಯನ್, ಹೆಂಡತಿ ಹಂಗೇರಿಯನ್. ಅಡುಗೆಮನೆಯಲ್ಲಿ ಇಬ್ಬರೂ ಅದೂ ಅಲ್ಲ, ಇದೂ ಅಲ್ಲ. ಇವರ ಮಾತು ಅವರಿಗೆ, ಅವರದು ಇವರಿಗೆ ತಿಳಿಯುತ್ತಿತ್ತು. ಬೆಳೆಯುತ್ತಾ ತಾತನ ಮಾತೇ ಮನೆಯ ಮಾತಾಯಿತು. ಅದಕ್ಕೆ ಅವರು ಹೆಸರು ಇಟ್ಟಿರಲಿಲ್ಲ. "ನಮ್ಮ ಮಾತು" ಅಷ್ಟೇ.

ನರ್ಸ್ ದನಿ ತಗ್ಗಿಸಿ ವೈದ್ಯೆಗೆ ಹೇಳಿದ್ದು ನನಗೆ ಕೇಳಿಸಿತು: "ಆಗ ಉತ್ತರ ಕೊಡ್ತಿದ್ರು. ಈಗ ಅದೂ ನಿಂತಿದೆ. ಕೆಡ್ತಾ ಇದಾರೆ."

ಗೋಡೆ ಗಡಿಯಾರ ನಾಲ್ಕು ದಾಟಿತ್ತು.

ನಾನು ಮೈಸೂರಿನಲ್ಲಿ ಇತಿಹಾಸ ಓದಿದವಳು. ಆ ಪದವಿ ಅಮೆರಿಕದಲ್ಲಿ ಯಾರಿಗೂ ಬೇಡವಾಗಿ, ಕೋರ್ಸು ಮಾಡಿಕೊಂಡು ಸಾಫ್ಟ್‌ವೇರ್ ಟೆಸ್ಟಿಂಗ್ ಸೇರಿದೆ. ಆಸ್ಟ್ರಿಯಾ-ಹಂಗೇರಿ ಸಾಮ್ರಾಜ್ಯದ ಪತನಕ್ಕೆ ಕಾರಣಗಳು ಎಂಬುದು ನಮ್ಮ ಪರೀಕ್ಷೆಯ ಖಾಯಂ ಪ್ರಶ್ನೆ. ಮೇಷ್ಟ್ರು ಬೋರ್ಡಿನ ಮೇಲೆ ವಕ್ರ ನಕ್ಷೆ ಬರೆದು, "ನೋಡ್ರಮ್ಮ, ಈ ಭಾಗದ ಕಚೇರೀಲಿ ಜರ್ಮನ್ನು, ಈ ಭಾಗದಲ್ಲಿ ಹಂಗೇರಿಯನ್ನು. ಉಳಿದವರೆಲ್ಲ ತಮ್ಮ ಮಾತು ಮನೇಲಿಟ್ಟು ಬರಬೇಕು. ಎಷ್ಟು ದಿನ ಬರ್ತಾರೆ?" ಎನ್ನುತ್ತಿದ್ದರು. ನಕ್ಷೆಯ ಎಡಮೂಲೆಯಲ್ಲಿ ಬೊಹೀಮಿಯಾ, ಅದರ ಪಕ್ಕ ಮೊರಾವಿಯಾ. ಅಲ್ಲಿಯ ಜನರ ಮಾತು ಚೆಕ್.

"ಚೆಕ್ ಕರೆಸಿ," ಎಂದೆ.

"ಮಗ ಹಂಗೇರಿಯನ್ ಅಂದ್ರು. ನೀವು ಜರ್ಮನ್ ಅಲ್ಲ ಅಂದ್ರಿ. ಈಗ ಇನ್ನೊಂದಾ?" ನರ್ಸಿಗೂ ಸಾಕಾಗಿತ್ತು. ಅವಳ ತಪ್ಪೆಂದು ಹೇಳಲಾರೆ. ಅವಳ ಕಂಪ್ಯೂಟರಿನಲ್ಲಿ ದೇಶ ಒತ್ತಿದರೆ ಭಾಷೆ ತಾನೇ ಬರುತ್ತದೆ. ಇಂಡಿಯಾ ಒತ್ತಿದರೆ ಹಿಂದಿ, ಆಸ್ಟ್ರಿಯಾ ಒತ್ತಿದರೆ ಜರ್ಮನ್. ಸಾಮ್ರಾಜ್ಯ ಮಣ್ಣಾಗಿ ನೂರು ವರ್ಷ ಕಳೆದಿದೆ, ಅದರ ಗುಮಾಸ್ತ ಮಾತ್ರ ಇನ್ನೂ ನಿವೃತ್ತನಾಗಿಲ್ಲ.

ಮಗನಿಗೆ ನನ್ನ ಫೋನಿನಿಂದಲೇ ಕರೆ ಮಾಡಿದೆ. "ಊರವರು ನಿಮ್ಮ ಮನೆಯವರನ್ನ ಏನಂತ ಕರೀತಿದ್ರು?"

"ಬೊಹೀಮಿಯನ್ಸ್ ಅಂತಿದ್ರು. ಬಯ್ಯೋಕೂ ಅದೇ, ಕರೆಯೋಕೂ ಅದೇ. ಯಾಕೆ?"

"ಹಾಗಾದ್ರೆ ಚೆಕ್. ದಯವಿಟ್ಟು ಇವರಿಗೆ ನೀವೇ ಹೇಳಿ. ನಾನು ಹೇಳಿದ್ರೆ ಕೇಳ್ತಿಲ್ಲ."

ಫೋನನ್ನು ನರ್ಸಿನತ್ತ ಹಿಡಿದೆ. ಕಾರಿನ ಹಾರ್ನುಗಳ ನಡುವಿನಿಂದ ಅವರು ಕೂಗಿ ಹೇಳಿದರು: "ಅವಳಿಗೆ ಗೊತ್ತು. ನಂಗೆ ಗೊತ್ತಿಲ್ಲ. ಅವಳು ಹೇಳಿದ್ದು ಹಾಕಿ."

ಮೂರನೆಯ ಮುಖ ಬರಲು ಬಹಳ ಹೊತ್ತು ಹಿಡಿಯಿತು. ಪರದೆಯ ಮೇಲೆ ಒಂದು ಚಕ್ರ ತಿರುಗುತ್ತಲೇ ಇತ್ತು. ಇವತ್ತಿಗೂ ಯಾವುದಾದರೂ ಪುಟ ತೆರೆಯುವಾಗ ಆ ಚಕ್ರ ಕಂಡರೆ ನನ್ನ ಅಂಗೈ ಬೆವರುತ್ತದೆ. ಕೊನೆಗೆ ಗುಂಗುರು ಕೂದಲಿನ ಒಬ್ಬ ಹುಡುಗಿ ಕಾಣಿಸಿಕೊಂಡು, ಎರಡು ಪದ ಆಡಿದಳು ಅಷ್ಟೇ. ಅಜ್ಜಿಯ ಎಡಗೈ ಹೊದಿಕೆ ಬಿಟ್ಟು ಮೇಲೆದ್ದು, ಪರದೆಯ ಗಾಜನ್ನು ಮುಟ್ಟಿತು.

ಬೆಳಿಗ್ಗೆಯಿಂದ ಹೀಗಿದೆಯೇ ಎಂದು ವೈದ್ಯೆ ಕೇಳಿಸಿದರು.

ಅಜ್ಜಿ ತಲೆ ಅಡ್ಡ ಆಡಿಸಿ ಏನೋ ಹೇಳಿದರು. ಆ ಮಧ್ಯಾಹ್ನ ಅವರು ಹೇಳಿದ ಮೊದಲ "ಇಲ್ಲ". ಆಮೇಲೆ ತೊದಲುತ್ತ, ನಿಂತು ನಿಂತು, ತುಂಬ ಹೇಳಿದರು. ಹುಡುಗಿ ಹಣೆ ಗಂಟಿಕ್ಕಿ ಆಲಿಸಿ ಇಂಗ್ಲಿಷಿಗೆ ತಂದಳು: "ಸ್ವಲ್ಪ ತಾಳಿ, ಇವರದು ನಮ್ಮ ಮುತ್ತಜ್ಜಿಯ ಕಾಲದ ಮಾತು... ಬೆಳಿಗ್ಗೆ ಚೆನ್ನಾಗಿದ್ದರಂತೆ. ಗಿಡಗಳಿಗೆ ನೀರು ಹಾಕಿದರಂತೆ. ಊಟ ಮಾಡಿ ತೊಳೆದಿಟ್ಟು, ಪಕ್ಕದ ಮನೆಯವಳಿಗೆ ತರಕಾರಿ ಕೊಡೋಕೆ ಬೇಲಿ ಹತ್ರ ಹೋದಾಗ ಕೈ ಹೋಯ್ತಂತೆ. ಅವಳ ಫೋನ್ ಸದ್ದು ಮಾಡ್ತಂತೆ."

ವೈದ್ಯೆ ನನ್ನತ್ತ ತಿರುಗಿದರು. "ಎರಡು ಹತ್ತು ಅಂದ್ರಲ್ಲಾ?"

ಫೋನಿನಲ್ಲಿ ಅಲಾರಂ ತೆರೆದು ತೋರಿಸಿದೆ. ಗಡುವಿಗೆ ಇನ್ನು ಸ್ವಲ್ಪವೇ ಉಳಿದಿದ್ದಾಗ ಔಷಧಿ ಕೊಟ್ಟರು. ಯಾರೂ ಕ್ಷಮೆ ಕೇಳಲಿಲ್ಲ. ಕೇಳಲು ಪುರುಸೊತ್ತೂ ಇರಲಿಲ್ಲ ಎನ್ನಿ.

ಮಗ ಬಂದು ತಲುಪಿದ ಮೇಲೆ ನಾವು ಹೊರಟೆವು. ಪಾರ್ಕಿಂಗ್‌ನಲ್ಲಿ ಮಗಳು ಸೀಟ್‌ಬೆಲ್ಟ್ ಹಾಕಿಕೊಳ್ಳದೆ ಕೂತಿದ್ದಳು. ಎಂದೂ ಇಂಗ್ಲಿಷಿನಲ್ಲೇ ಉತ್ತರಿಸುವವಳು, ಹುಡುಕಿ ಹುಡುಕಿ ಕನ್ನಡದಲ್ಲಿ ಕೇಳಿದಳು: "ನಿಂಗೆ ಹೀಗೆ ಆದ್ರೆ... ನಾನು ಏನು ಹೇಳ್ಬೇಕು, ಅವರಿಗೆ?"

"ಕನ್ನಡ ಅಂತ ಹೇಳು. ಇಂಡಿಯಾ ಅನ್ಬೇಡ. ಮೊದಲು ಕನ್ನಡ ಅನ್ನು."

"ವಿಲ್ ದೆ ಹ್ಯಾವ್ ಇಟ್?"

ನನಗೆ ಗೊತ್ತಿರಲಿಲ್ಲ. ಮುಂದೆ ಒಂದು ದಿನ ಆಸ್ಪತ್ರೆಯಲ್ಲಿ ವಿಚಾರಿಸಿದೆ. ಇದೆಯಂತೆ, ಆದರೆ ಮುಂಚಿತವಾಗಿ ಹೊತ್ತು ಗೊತ್ತುಮಾಡಿಕೊಳ್ಳಬೇಕಂತೆ. ಪಾರ್ಶ್ವವಾಯು ಬಡಿಯುವ ಹಿಂದಿನ ದಿನ ಫೋನ್ ಮಾಡಿ ತಿಳಿಸಬೇಕೇನೋ!

ಅಜ್ಜಿ ಬದುಕಿದರು. ಬಲಗೈ ಪೂರ್ತಿ ಬರಲಿಲ್ಲ, ಕಾಲು ಬಂತು, ಇಂಗ್ಲಿಷ್ ಚೂರು ಚೂರಾಗಿ ಬಂತು. ಕೈಕಾಲು ಪಳಗಿಸುವ ಕೇಂದ್ರಕ್ಕೆ ಅವರನ್ನು ಶಿಫ್ಟ್ ಮಾಡಿದಾಗ ನೋಡಲು ಹೋದರೆ, ಮಂಚದ ಮೇಲಿನ ಬಿಳಿ ಫಲಕದಲ್ಲಿ ಬರೆದಿತ್ತು: ಭಾಷೆ, ಜರ್ಮನ್. ದುಪಟ್ಟಾದ ಸೆರಗಿನಲ್ಲೇ ಒರೆಸಿ ಚೆಕ್ ಎಂದು ಬರೆದೆ. ಮುಂದಿನ ಸಲ ಹೋದಾಗ ಮತ್ತೆ ಜರ್ಮನ್. ಪಾಳಿ ಬದಲಾದಾಗ ಕಂಪ್ಯೂಟರ್ ನೋಡಿ ಬರೆಯುತ್ತಾರಂತೆ. ಕಂಪ್ಯೂಟರಿನಲ್ಲಿ ಬದಲಿಸಿ ಎಂದರೆ ಅದು ಆಸ್ಪತ್ರೆಯವರೇ ಬದಲಿಸಬೇಕಂತೆ. ಆಸ್ಪತ್ರೆಗೆ ಫೋನ್ ಮಾಡಿದರೆ, ಈಗ ಆಕೆ ನಮ್ಮ ಪೇಷೆಂಟ್ ಅಲ್ಲ. ಅಲ್ಲಿರುವಷ್ಟು ದಿನವೂ ನಾನು ಒರೆಸುವುದು, ಅವರು ಬರೆಯುವುದು. ಡಾಲಸ್ ಬಳಿ ಮರ್ಫಿಯಲ್ಲಿರುವ ಗೆಳತಿ ಫೋನಿನಲ್ಲಿ, "ಬಿಡೇ, ಬದುಕಿದಾರಲ್ಲ, ಇನ್ನೇನು?" ಎಂದಾಗ ಅವಳ ಮೇಲೂ ರೇಗಿದೆ. ಬೋರ್ಡ್ ಮೇಲೆ ಜರ್ಮನ್ ಎಂದು ಇರುವವರೆಗೆ ಅಜ್ಜಿ ನೋವಾಗುತ್ತಿದೆಯೇ ಎಂದರೂ, ಸಾಕೇ ಎಂದರೂ ಅಪ್ಪಣೆ ಎನ್ನುತ್ತಲೇ ಇರುತ್ತಾರೆ ಎಂಬುದು ಯಾರಿಗೂ ಕಾಣುತ್ತಿರಲಿಲ್ಲ.

ಆ ವಾರಗಳಲ್ಲಿ ನನಗೆ ನಿದ್ದೆ ಹತ್ತುತ್ತಿರಲಿಲ್ಲ. ಹತ್ತಿದರೂ ಆ ಚಕ್ರ ತಿರುಗುತ್ತಿತ್ತು, ಬರಬೇಕಾದ ಮುಖ ಬರುತ್ತಿರಲಿಲ್ಲ. ಎದ್ದು ಕೂತು ಮಗಳ ಕೋಣೆಗೆ ಹೋಗಿ ನೋಡಿ ಬರುತ್ತಿದ್ದೆ. ಅಮ್ಮನಿಗೆ ಹೇಳಿದರೆ, "ಮೆಂತ್ಯ ನೆನೆಸಿ ತಲೆಗೆ ಹಚ್ಕೋ, ಉಷ್ಣ," ಎಂದರು. ಆಮೇಲೆ ತಡೆದು, "ಆ ಯಮ್ಮನೂ ನನ್ನ ಹಾಗೇ ಮರ್ಯಾದಸ್ಥೆ ಕಣೇ," ಎಂದರು.

ಅಜ್ಜಿ ಮನೆಗೆ ಬಂದದ್ದು ಒಂದು ಶನಿವಾರ. ಬಿಸಿಲು ಇಳಿದಿತ್ತು. ಮಗ ನೀರು ಹಾಕಿ ಉಳಿಸಿಕೊಂಡಿದ್ದ ಬೆಂಡೆ ಬಲಿತು ನಿಂತಿತ್ತು. ಎಳೆಯವನ್ನಷ್ಟು ಆರಿಸಿ ಗೊಜ್ಜು ಮಾಡಿ, ಅವರದೇ ಬೋಗುಣಿಯಲ್ಲಿ ಹಾಕಿ ಬೇಲಿಯ ಸಂದಿಯಿಂದಲೇ ಹೋದೆ. ಅಜ್ಜಿ ಹಿತ್ತಲ ಕುರ್ಚಿಯಲ್ಲಿದ್ದರು. ಮಗ ಪಕ್ಕದಲ್ಲಿ ಕೂತು ಒಂದು ಚಮಚ ತಿನ್ನಿಸಿ, "ಚೆನ್ನಾಗಿದೆಯಾ ಅಮ್ಮ?" ಎಂದರು.

ಅಜ್ಜಿ ಚಪ್ಪರಿಸಿದರು. ನನ್ನ ಮುಖ ನೋಡಿದರು.

"ಇಲ್ಲ," ಎಂದರು ತಮ್ಮ ಮಾತಿನಲ್ಲಿ. ಮಗ ನನ್ನತ್ತ ನೋಡಿ ತಬ್ಬಿಬ್ಬಾದರು. ಆಗ ಅಜ್ಜಿ ಇಂಗ್ಲಿಷನ್ನು ಒಂದೊಂದೇ ಪದವಾಗಿ ಹೆಕ್ಕಿ ಜೋಡಿಸಿದರು: "ಹುಳಿ. ಜಾಸ್ತಿ. ಬೇಡ."

"ಅಮ್ಮ! ಪಾಪ ಮಾಡ್ಕೊಂಡು ತಂದಿದಾರೆ," ಎಂದು ಮಗ ನಾಚಿಕೊಂಡರು.

"ಇರಲಿ, ಅವರು ಹೇಳಲಿ," ಎಂದೆ. "ನಾಳೆ ಬೆಲ್ಲ ಜಾಸ್ತಿ ಹಾಕ್ತೀನಿ."

ಅಂದು ರಾತ್ರಿ ಆ ಚಕ್ರ ತಿರುಗಲಿಲ್ಲ. ಮಲಗಿದವಳಿಗೆ ಎಚ್ಚರವಾದಾಗ ಬಿಸಿಲು ಮಂಚದ ಮೇಲೆ ಬಿದ್ದಿತ್ತು. ಬಾಗಿಲಲ್ಲಿ ನಿಂತ ಮಗಳು ತಿಂಡಿಗೆಂದು ಯಾವಾಗಿನಿಂದಲೋ ಕೂಗುತ್ತಿದ್ದಳು.